ಕಟಕಟೆಯಲ್ಲಿ ನಿಂತು ಹೊಗಳಿದ ಗಂಡ

ಈಗ ಎಲ್ಲರೂ ಅವಳನ್ನು ಕುಶನಕ್ಕ ಎನ್ನುತ್ತಾರೆ, ನಾವೂ ಹಾಗೇ ಕರೆಯೋಣ. ಆದರೆ ಆ ಹೆಸರು ಬಂದದ್ದು ಆಮೇಲೆ. ಅದಕ್ಕೆ ಮೊದಲು ಬಹಳ ವರ್ಷ ಅವಳು ಬರೀ 'ಕುಶನ್ ಮೇಸ್ತ್ರಿಯ ಹೆಂಡತಿ' ಆಗಿದ್ದಳು. ಹಾಗೆ ಕರೆಯುವುದರಲ್ಲಿ ಏನೋ ತಪ್ಪಿದೆ ಎಂದು ಬೀದಿಯಲ್ಲಿ ಯಾರಿಗೂ ಅನ್ನಿಸಿರಲಿಲ್ಲ, ಹೆಚ್ಚು ಕಡಿಮೆ ಅವಳಿಗೂ ಅನ್ನಿಸಿರಲಿಲ್ಲ.

ಮೇಸ್ತ್ರಿಯದು ಸೋಫಾ, ಕುರ್ಚಿಗಳಿಗೆ ಹೊಸ ಹೊದಿಕೆ ಹಾಕಿಕೊಡುವ ಅಂಗಡಿ. ಮುಂದೆ ಅಂಗಡಿ, ಹಿಂದೆ ಕೆಲಸದ ಕೋಣೆ, ಮೇಲೆ ಮನೆ. ಮುಂದೆ ಮೇಸ್ತ್ರಿ ಕೂರುತ್ತಿದ್ದ. ಬಟ್ಟೆ, ರೆಕ್ಸಿನ್ ತುಂಡುಗಳ ದಪ್ಪ ಪುಸ್ತಕವನ್ನು ತೊಡೆಯ ಮೇಲಿಟ್ಟುಕೊಂಡು, ಬಂದವರಿಗೆ ಬಣ್ಣ ತೋರಿಸಿ, ಅಳತೆ ಬರೆದುಕೊಂಡು, ರೇಟು ಹೇಳಿ, ಅವರು ಮುಖ ಹುಳ್ಳಗೆ ಮಾಡಿದರೆ ಇನ್ನೊಂದು ರೇಟು ಹೇಳುತ್ತಿದ್ದ. ಮಾತಿನಲ್ಲಿ ಅವನನ್ನು ಮೀರಿಸುವವರು ಆ ಕಡೆ ಇರಲಿಲ್ಲ. ಮುರುಕು ಸೋಫಾ ತಂದವರು ಕೂಡ ತಮ್ಮ ಮನೆಯಲ್ಲಿ ಇಷ್ಟು ದಿನ ಸಿಂಹಾಸನವಿತ್ತು ಎಂದುಕೊಂಡು ವಾಪಸ್ಸು ಹೋಗುತ್ತಿದ್ದರು. ಹಿಂದಿನ ಕೋಣೆಯಲ್ಲಿ ಕುಶನಕ್ಕ. ಹಳೆಯ ಹೊದಿಕೆ ಕಿತ್ತು, ಸಡಿಲಾದ ಸ್ಪ್ರಿಂಗುಗಳನ್ನು ಹುರಿಯಿಂದ ಬಿಗಿದು ಕಟ್ಟಿ, ಫೋಮು ಕತ್ತರಿಸಿ, ದೊಡ್ಡ ಮಿಷನ್ನಿನಲ್ಲಿ ಹೊದಿಕೆ ಹೊಲಿದು, ಕೊನೆಗೆ ಮಿಷನ್ ಹೋಗದ ಕಡೆ ಬಾಗಿದ ಸೂಜಿಯಲ್ಲಿ ಕೈಹೊಲಿಗೆ ಹಾಕುವವಳು ಅವಳು. ಭಾರ ಎತ್ತುವುದಕ್ಕೆ ಮೇಸ್ತ್ರಿ ಬರುತ್ತಿದ್ದ. ಅದನ್ನು ಇಲ್ಲ ಎನ್ನುವ ಹಾಗಿಲ್ಲ.

ಅವಳಿಗೆ ಒಂದು ಅಭ್ಯಾಸವಿತ್ತು. ಕೆಲಸ ಮುಗಿದ ಕುರ್ಚಿಯ ಮೇಲೆ ಒಂದು ಸಲ ತಾನೇ ಕಣ್ಣು ಮುಚ್ಚಿ ಕೂತು ನೋಡುತ್ತಿದ್ದಳು. ಎಲ್ಲೋ ಒಂದು ಕಡೆ ಚೂರು ಉಬ್ಬು ಸಿಕ್ಕಿದರೂ ಆಯಿತು, ಮತ್ತೆ ಬಿಚ್ಚುವುದೇ. ಮೇಸ್ತ್ರಿ ಹಣೆ ಹಣೆ ಚಚ್ಚಿಕೊಳ್ಳುತ್ತಿದ್ದ.

"ಯಾರು ನೋಡ್ತಾರೆ ಅದನ್ನ?"

"ನೋಡೋರಿಗಲ್ಲ, ಕೂರೋರಿಗೆ ಗೊತ್ತಾಗುತ್ತೆ."

"ಹ್ಞೂಂ, ನಡೆಯುತ್ತೆ ಬಿಡು."

ಅವನ ಬಾಯಿಂದ ಅವಳ ಕೆಲಸಕ್ಕೆ ಸಿಗುತ್ತಿದ್ದ ದೊಡ್ಡ ಬಿರುದು ಅದೇ, 'ನಡೆಯುತ್ತೆ'. ಗಿರಾಕಿಗೆ ಬೊಗಸೆ ಬೊಗಸೆ ಹೊಗಳಿಕೆ ಸುರಿಯುತ್ತಿದ್ದ ಮನುಷ್ಯನಿಗೆ ಹಿಂದಿನ ಕೋಣೆಗೆ ಬರುವ ಹೊತ್ತಿಗೆ ಮಾತೆಲ್ಲ ಖಾಲಿ. ಅವಳು ಕಾಯುತ್ತಿದ್ದಳು. ಒಂದು ದಿನವಾದರೂ 'ಚೆನ್ನಾಗಿದೆ ಕಣೇ' ಅಂದಾನು ಅಂತ. ಕಾಯುತ್ತಿದ್ದೇನೆ ಅನ್ನುವುದೂ ಮರೆತುಹೋಗುವಷ್ಟು ಕಾಲ ಕಾದಳು. ಮಕ್ಕಳಿರಲಿಲ್ಲ. ಆ ಕುರ್ಚಿಗಳೇ ಅವಳ ಕೈಯಿಂದ ಊರಿಗೆ ಹೋದದ್ದು.

ಆಮೇಲೆ ಸಿನಿಮಾ ಥಿಯೇಟರಿನ ಕೆಲಸ ಬಂತು. ಇಡೀ ಹಾಲಿನ ಸೀಟುಗಳು. ಕುಶನಕ್ಕ ಊಟ ನಿದ್ದೆ ಅತ್ತಿತ್ತ ಮಾಡಿಕೊಂಡು ಮುಗಿಸಿಕೊಟ್ಟಳು. ಥಿಯೇಟರಿನ ಮಾಲೀಕರು ಖುಷಿಯಾಗಿ ಅಂಗಡಿಗೇ ಬಂದರು. "ಏನ್ರೀ ಮೇಸ್ತ್ರಿ, ಕೂತ್ರೆ ಏಳೋಕೆ ಮನಸ್ಸಾಗಲ್ಲ! ಯಾರ್ರೀ ಈ ಹೊಲಿಗೆ ಹಾಕಿದ್ದು?" ಎಂದು ಕೇಳಿದರು.

"ಎಲ್ಲಾ ನನ್ನ ಕೈಯದ್ದೇ ಸಾರ್," ಎಂದ ಮೇಸ್ತ್ರಿ. "ಮನೆಯವಳು ದಾರ ಗೀರ ಎತ್ತಿಕೊಡ್ತಾಳೆ, ಅಷ್ಟೆ."

ಈ ಮಾತು ಅವನು ಮೊದಲ ಸಲ ಹೇಳಿದ್ದೇನಲ್ಲ. ಆದರೆ ಅವತ್ತು ಅವಳ ಬೆರಳುಗಳೆಲ್ಲ ಊದಿಕೊಂಡಿದ್ದವು. ಪರದೆ ಸರಿಸಿಕೊಂಡು ಹೊರಗೆ ಬಂದವಳೇ, "ದಾರ ಗೀರ ಅಲ್ಲ ಸಾರ್, ಸೀಟು ಪೂರ್ತಿ ನಾನೇ ಮಾಡಿದ್ದು. ಬೇಕಾದ್ರೆ ಈಗ್ಲೇ ಒಂದು ಬಿಚ್ಚಿ ಹೊಲಿದು ತೋರಿಸ್ತೀನಿ," ಎಂದುಬಿಟ್ಟಳು. ಮಾಲೀಕರು ಇಬ್ಬರ ಮುಖವನ್ನೂ ನೋಡಿ, ತಮಗ್ಯಾಕೆ ಎಂದು ಮೆಲ್ಲಗೆ ಜಾಗ ಖಾಲಿ ಮಾಡಿದರು.

ಗಿರಾಕಿಯ ಎದುರಿಗೆ ಮಾನ ಹೋಯಿತು ಎಂದು ಮೇಸ್ತ್ರಿ ಕೆಂಡವಾದ. "ಅಷ್ಟು ದೊಡ್ಡ ಕೆಲಸಗಾರ್ತಿ ಆದ್ರೆ ನಿಂದೇ ಒಂದು ಅಂಗಡಿ ಇಟ್ಕೋ ಹೋಗು!"

"ಹೋಗ್ತೀನಿ. ನಿಮ್ಮ ಒಂದು ಬಿಡಿಗಾಸೂ ನಂಗೆ ಬೇಡ!"

ಇಬ್ಬರೂ ಬೀದಿಗೆ ಕೇಳುವ ಹಾಗೇ ಹೇಳಿದರು. ಅವಳು ತಮ್ಮನ ಮನೆಗೆ ಹೋದಳು. ಕೋಪ ಇಳಿದ ಮೇಲೆ ಬರುವುದು ಅಂತಲೇ ಹೋದದ್ದು. ಬಂದು ನೋಡಿದರೆ ಬಾಗಿಲಿಗೆ ಒಳಗಿನಿಂದ ಹೊಸ ಬೀಗ. ಮೇಸ್ತ್ರಿ ಮೇಲಿನ ಕಿಟಕಿಯಿಂದ ಇಣುಕಿ, "ಬೇಡ ಅಂದ್ಯಲ್ಲ, ಮುಗೀತು," ಎಂದು ಕಿಟಕಿ ಹಾಕಿಕೊಂಡ. ತಮ್ಮ ಆಮೇಲೆ ಹೋಗಿ ಕೈಮುಗಿದು ಕೇಳಿದ, ಬೀದಿಯ ಹಿರಿಯರು ಹೋಗಿ ಹೇಳಿದರು. ಆ ಮನುಷ್ಯನ ಹಟ ಮಾತ್ರ ಒಂದಿಂಚೂ ಅಲುಗಲಿಲ್ಲ. ಒಂದು ಮಾತಿಗೆ ಇಷ್ಟು ವರ್ಷದ ಸಂಸಾರ ಬೀದಿಗೆ ಬೀಳುತ್ತದೆಯೇ ಎಂದು ಕೇಳಬೇಡಿ. ಬೀಳುತ್ತದೆ.

ತಮ್ಮ ಸಾಮಾನು ಸಾಗಿಸುವ ವ್ಯಾನಿನ ಡ್ರೈವರು. ಅವನದು ಎರಡೇ ಕೋಣೆಯ ಮನೆ. ತಮ್ಮನ ಹೆಂಡತಿ ಒಳ್ಳೆಯ ಹೆಣ್ಣು, ಮುಖ ಸಿಂಡರಿಸಲಿಲ್ಲ. ಆದರೆ ಅಕ್ಕನಿಗೆ ಹಾಸಿಗೆ ಹಾಸಬೇಕಾದರೆ ದಿನಾ ಊಟದ ಮೇಜನ್ನು ಗೋಡೆಗೆ ಒರಗಿಸಬೇಕಾಗುತ್ತಿತ್ತು. ಅದನ್ನು ನೋಡಲಾರದೆ ಕುಶನಕ್ಕ ಬೆಳಗಾಗುತ್ತಲೇ ಎದ್ದು ಮೇಜನ್ನು ತಾನೇ ಮತ್ತೆ ಜಾಗಕ್ಕೆ ಎಳೆದಿಡುತ್ತಿದ್ದಳು. ಕೆಲಸ ಹುಡುಕಿ ಅಲೆದಳು. ಸೋಫಾ ಅಂಗಡಿಗಳವರು, "ಮೇಸ್ತ್ರೀನ ಕಳಿಸಿ, ಮಾತಾಡೋಣ," ಎಂದರು. 'ಕೆಲಸ ನಂದು' ಎಂದರೆ ನಕ್ಕರು. ಮನೆಯಲ್ಲೇ ಶುರು ಮಾಡೋಣವೆಂದರೆ ದಪ್ಪ ರೆಕ್ಸಿನ್ ಹೊಲಿಯುವ ಮಿಷನ್ ಬೇಕು. ಅದು ಮೇಸ್ತ್ರಿಯ ಬೀಗದೊಳಗಿತ್ತು. ಇಷ್ಟು ವರ್ಷ ಅವನು 'ನನ್ನ ಕೈ' ಎಂದದ್ದನ್ನು ಊರು ನಂಬಿತ್ತು, ಈಗ ಅವಳ ಕೈಯನ್ನು ನಂಬುವವರು ಯಾರೂ ಇರಲಿಲ್ಲ.

ತಮ್ಮನೇ ಅವಳನ್ನು ಲಾಯರಮ್ಮನ ಹತ್ತಿರ ಕರೆದುಕೊಂಡು ಹೋದ. ಲಾಯರಮ್ಮ ಸಣ್ಣ ಆಫೀಸಿನ, ದೊಡ್ಡ ಧ್ವನಿಯ ಹೆಂಗಸು. ಎಲ್ಲ ಕೇಳಿಕೊಂಡು, "ಜೀವನಾಂಶ ಕೇಳೋಣ," ಎಂದಳು.

"ಕಾಸು ಬೇಡ ಅಂತ ನಾನೇ ಹೇಳಿಬಿಟ್ಟಿದೀನಲ್ಲ ಲಾಯರಮ್ಮ?"

"ಜಗಳದಲ್ಲಿ ಏನೇನೋ ಹೇಳ್ತೀವಿ. ಅದರಿಂದ ಕೋರ್ಟಿನ ಅಧಿಕಾರ ಹೋಗಲ್ಲ. ಗಂಡನಿಗೆ ಶಕ್ತಿ ಇದ್ದು, ಹೆಂಡತಿಗೆ ತನ್ನ ಜೀವನ ತಾನು ನೋಡ್ಕೊಳ್ಳೋಕೆ ಆಗದೆ ಇದ್ರೆ, ಕೊಡು ಅಂತ ಆರ್ಡರ್ ಮಾಡೋ ಅಧಿಕಾರ ಕಾನೂನು ಕೋರ್ಟಿಗೆ ಕೊಟ್ಟಿದೆ."

'ನೋಡ್ಕೊಳ್ಳೋಕೆ ಆಗದೆ ಇದ್ರೆ' ಎಂಬ ಮಾತು ಕುಶನಕ್ಕನಿಗೆ ಚುಚ್ಚಿತು. ಆದರೆ ಗೋಡೆಗೊರಗಿದ ಮೇಜು ನೆನಪಾಗಿ ಸಹಿ ಹಾಕಿದಳು.

ಕೋರ್ಟಿನ ನೋಟಿಸು ಕೈಗೆ ಬಂದಾಗ ಮೇಸ್ತ್ರಿ, "ನನ್ನ ಹೆಂಡತಿಗೆ ನಾನು ಕೊಡಬೇಕೋ ಬೇಡವೋ ಅಂತ ಹೇಳೋಕೆ ಅವರ್ಯಾರು?" ಎಂದು ಇಡೀ ಬೀದಿಗೆ ಭಾಷಣ ಮಾಡಿದನಂತೆ. ಆಮೇಲೆ ಅವನೂ ಒಬ್ಬ ವಕೀಲನನ್ನು ಇಟ್ಟ. ಆ ವಕೀಲ ಜಾಣ. ಹೆಂಡತಿ ಸ್ವಂತ ದುಡಿಮೆ ಮಾಡಬಲ್ಲಳು ಎಂದು ತೋರಿಸಿಬಿಟ್ಟರೆ ಜೀವನಾಂಶದ ಮಾತೇ ಬರುವುದಿಲ್ಲ ಎಂದು ಲೆಕ್ಕ ಹಾಕಿದ. ಇದು ಗೊತ್ತಾದ ಲಾಯರಮ್ಮ ಕುಶನಕ್ಕನಿಗೆ ಬುದ್ಧಿ ಹೇಳಿದಳು. "ಕೆಲಸ ಬರುತ್ತಾ ಅಂತ ಕೇಳ್ತಾರೆ. 'ಅಲ್ಪ ಸ್ವಲ್ಪ' ಅನ್ನಿ. ಅದರ ಮೇಲೆ ತುಟಿ ಪಿಟಕ್ ಅನ್ನಬಾರದು."

"ಸುಳ್ಳಾಗಲ್ವಾ?"

"ಜಂಬ ಕೊಚ್ಕೋಬೇಡಿ ಅಂತಿದೀನಿ, ಅಷ್ಟೆ."

ವಿಚಾರಣೆಯ ದಿನ ಕುಶನಕ್ಕ ಬೇಗ ಬಂದಳು. ಕೋರ್ಟಿನ ಹೊರಗಿನ ಪಡಸಾಲೆಯಲ್ಲಿ ಒಂದು ಉದ್ದನೆಯ ಬೆಂಚು. ಮೇಲಿನ ರೆಕ್ಸಿನ್ ಹರಿದು ಫೋಮು ನಾಲಗೆ ಚಾಚಿಕೊಂಡಿತ್ತು. ತಮ್ಮ ಚಹಾ ತರಲು ಹೋದ. ಅವಳು ಕೂತಳು, ಎದ್ದಳು, ಇನ್ನೊಂದು ಕಡೆ ಕೂತಳು. ಕಣ್ಣು ಮಾತ್ರ ಆ ಹರಕಿನ ಮೇಲೇ. ಕಾಯುವ ಜನರೆಲ್ಲ ಬೇಸರಕ್ಕೆ ಆ ಫೋಮನ್ನು ಚಿವುಟಿ ಚಿವುಟಿ ಇನ್ನಷ್ಟು ಕೆಡಿಸಿದ್ದರು. ಅವಳ ಚೀಲದಲ್ಲಿ ಬಾಗಿದ ಸೂಜಿಯೂ ಮೇಣ ಹಚ್ಚಿದ ದಾರವೂ ಯಾವಾಗಲೂ ಇರುತ್ತಿದ್ದವು. ಕೈಗೆ ಏನಾದರೂ ಕೆಲಸ ಬೇಕಿತ್ತು. ಮೊಣಕಾಲೂರಿ ಕೂತು ಫೋಮನ್ನು ಒಳಗೆ ತಳ್ಳಿದಳು, ರೆಕ್ಸಿನ್ನಿನ ಅಂಚು ಮಡಚಿದಳು, ಹೊಲಿಯತೊಡಗಿದಳು. ಪಕ್ಕದಲ್ಲಿದ್ದ ಮುದುಕ ತಾನಾಗಿಯೇ ಅಂಚು ಹಿಡಿದುಕೊಂಡು ಕೂತ. ಮುಗಿದ ಮೇಲೆ ರೂಢಿಯಂತೆ ಕಣ್ಣು ಮುಚ್ಚಿ ಅದರ ಮೇಲೆ ಕೂತು ನೋಡಿದಳು. ಕಣ್ಣು ತೆರೆದರೆ ಎದುರಿಗೆ ಮೇಸ್ತ್ರಿಯ ವಕೀಲ ನಿಂತು, ಎರಡು ಕೈ ಬೆನ್ನ ಹಿಂದೆ ಕಟ್ಟಿಕೊಂಡು, ಬಲು ಪ್ರೀತಿಯಿಂದ ಹೊಲಿಗೆಯನ್ನು ನೋಡುತ್ತಿದ್ದ.

ಲೋಕದಲ್ಲಿ ಇನ್ಯಾರೂ ಇಂಥ ಎಡವಟ್ಟು ಮಾಡಿಕೊಳ್ಳುವುದಿಲ್ಲ. ದುಡಿಯಲಾರೆ ಎಂದು ಹೇಳಲು ಬಂದವಳು ಕೋರ್ಟಿನ ಬಾಗಿಲಲ್ಲೇ ದುಡಿದು ತೋರಿಸಿದ್ದಳು.

ಮೊದಲು ಅವಳು ಕಟಕಟೆ ಹತ್ತಿದಳು. ವಕೀಲ ಮೆತ್ತಗೆ ಶುರು ಮಾಡಿದ. "ಕುಶನ್ ಕೆಲಸ ಬರುತ್ತೇನಮ್ಮಾ ನಿಮಗೆ?"

"ಅಲ್ಪ... ಸ್ವಲ್ಪ."

"ಹೊರಗಡೆ ಬೆಂಚು ಹೊಲಿದೋರು ಯಾರು?"

ಲಾಯರಮ್ಮ ಗಕ್ಕನೆ ಅವಳ ಕಡೆ ತಿರುಗಿದಳು. ಕುಶನಕ್ಕ ತಲೆ ತಗ್ಗಿಸಿ, "ನಾನೇ," ಎಂದಳು.

"ನಾನು ಈಗ ತಾನೇ ಕೂತು ಬಂದೆ ಸ್ವಾಮಿ, ಹೊಲಿಗೆ ಎಲ್ಲಿದೆ ಅಂತಾನೇ ಗೊತ್ತಾಗಲ್ಲ," ಎಂದು ವಕೀಲ ನ್ಯಾಯಾಧೀಶರಿಗೆ ಹೇಳಿ, ಮತ್ತೆ ಅವಳ ಕಡೆ ತಿರುಗಿದ. "ಅಲ್ಪ ಸ್ವಲ್ಪ ಬರೋರ ಕೆಲಸಾನಾ ಅದು? ಯೋಚನೆ ಮಾಡಿ ಹೇಳಿ."

ಅವಳು ಯೋಚನೆ ಮಾಡಿದಳು. ಹೌದು ಎಂದರೆ ಜೀವನಾಂಶ ಉಳಿಯಬಹುದು. ಆದರೆ ಹಾಗೆ ಅಂದರೆ, ಪರದೆ ಸರಿಸಿ ಹೊರಗೆ ಬಂದ ದಿನ ತಾನು ಹೇಳಿದ್ದೇ ಸುಳ್ಳು ಎಂದ ಹಾಗಾಯಿತು. ದಾರ ಗೀರ ಎತ್ತಿಕೊಡುವವಳು ಎಂದು ತನ್ನ ಬಾಯಿಂದಲೇ ಒಪ್ಪಿದ ಹಾಗಾಯಿತು. ಆ ಒಂದು ಮಾತಿಗಾಗಿ ತಾನೇ ಮನೆ ಬಿಟ್ಟು ಬಂದದ್ದು? ಹೊಟ್ಟೆಗಿಲ್ಲದೆ ಸತ್ತರೂ ಅದನ್ನು ಹೇಳಲು ಅವಳಿಂದಾಗುವಂತಿರಲಿಲ್ಲ.

"ಅಲ್ಲ. ನಂಗೆ ಆ ಕೆಲಸ ಚೆನ್ನಾಗಿ ಬರುತ್ತೆ. ಅಲ್ಪ ಸ್ವಲ್ಪ ಅಂದಿದ್ದು ತಪ್ಪಾಯ್ತು ಸ್ವಾಮಿ."

ಲಾಯರಮ್ಮ ಪೆನ್ನು ಕೆಳಗಿಟ್ಟು ಹಣೆಗೆ ಕೈ ಹಚ್ಚಿದಳು. ಹಿಂದೆ ಕೂತಿದ್ದ ತಮ್ಮನ ಮುಖ ಬಿಳಿಚಿಕೊಂಡಿತು.

ಆಮೇಲೆ ಮೇಸ್ತ್ರಿ ಬಂದ. ಇಸ್ತ್ರಿ ಮಾಡಿದ ಅಂಗಿ, ಹೊಳೆಯುವ ಕೂದಲು. ಸತ್ಯವನ್ನೇ ಹೇಳುತ್ತೇನೆಂದು ಪ್ರಮಾಣ ಮಾಡಿದ. ಅವನ ವಕೀಲ ಕೇಳಿದ, "ನಿಮ್ಮ ಹೆಂಡತಿ ಕೆಲಸ ಹೇಗೆ?"

"ಚೆನ್ನಾಗೇ ಮಾಡ್ತಾಳೆ," ಎಂದ ಮೇಸ್ತ್ರಿ, ಹಲ್ಲು ಕೀಳಿಸಿಕೊಂಡವನ ಹಾಗೆ.

"ಸ್ವಲ್ಪ ಬಿಡಿಸಿ ಹೇಳಿ. ಹೊರಗಡೆ ಹೋಗಿ ದುಡಿದರೆ ಕೆಲಸ ಸಿಗುತ್ತಾ?"

ಮೇಸ್ತ್ರಿಗೆ ಇದು ಗಿರಾಕಿಗೆ ಮಾಲು ಒಪ್ಪಿಸುವ ವ್ಯವಹಾರದ ಹಾಗೆ ಕಂಡಿರಬೇಕು. ಆ ವಿದ್ಯೆ ಅವನಿಗೆ ಕರಗತ. ಒಮ್ಮೆ ಗಂಟಲು ಸರಿಮಾಡಿಕೊಂಡ, ಶುರುವಾಯಿತು. "ಏನ್ ಹೇಳ್ತೀರಾ ಸ್ವಾಮಿ! ಈ ಊರಲ್ಲಿ ಅವಳಂಥ ಕೈ ಇನ್ನೊಂದಿಲ್ಲ. ಸ್ಪ್ರಿಂಗು ಕಟ್ಟಿದ್ರೆ ಮೊಮ್ಮಕ್ಕಳ ಕಾಲಕ್ಕೂ ಅಲುಗಲ್ಲ. ಸೋಫಾ ಬೆನ್ನಿಗೆ ಅವಳು ಗುಂಡಿ ಕೂರಿಸಿದ್ರೆ ಅಳತೆ ಪಟ್ಟಿ ಇಡೋದೇ ಬೇಡ. ಒಂದು ಉಬ್ಬು ಇದ್ರೂ ಬಿಚ್ಚಿ ಮತ್ತೆ ಮಾಡ್ತಾಳೆ. ನಾನು ಬೈತಿದ್ದೆ, ಆದ್ರೆ ಹಾಗೆ ಮಾಡಿದ್ದಕ್ಕೇ ನಮ್ಮ ಅಂಗಡಿಯಿಂದ ಹೋದ ಒಂದು ಕುರ್ಚಿನೂ ಈವರೆಗೆ ವಾಪಸ್ಸು ಬಂದಿಲ್ಲ..."

ಹೇಳುತ್ತ ಹೇಳುತ್ತ ಅವನ ಧ್ವನಿ ಬದಲಾಯಿತು. ಗಿರಾಕಿಗೆ ಹೇಳುವ ಬಣ್ಣದ ಮಾತು ಅದಲ್ಲ, ನಿಜ. ಅದು ಅವನಿಗೂ ಆಗಲೇ ತಿಳಿದ ಹಾಗಿತ್ತು. ತಟ್ಟನೆ ನಿಲ್ಲಿಸಿದ.

ಕುಶನಕ್ಕ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ಅಳುವೋ ನಗುವೋ ಅವಳಿಗೇ ತಿಳಿಯಲಿಲ್ಲ. ಇಷ್ಟು ವರ್ಷ ಕಾದ ಮಾತು ಬಂದಿತ್ತು, ತನಗೆ ಅನ್ನ ತಪ್ಪಿಸುವುದಕ್ಕಾಗಿ ಬಂದಿತ್ತು. ಸಿಟ್ಟು ಉಕ್ಕಿತು. ಅದರ ಜೊತೆಗೇ, ನಾಚಿಕೆ ಬಿಟ್ಟು ಹೇಳಬೇಕೆಂದರೆ, ಸಂತೋಷವೂ ಆಯಿತು.

ಲಾಯರಮ್ಮ ಎದ್ದಳು. "ಹಾಗಾದ್ರೆ ಆ ಥಿಯೇಟರ್ ಸೀಟು ಮಾಡಿದ್ದು ಯಾರು?"

"ಅವಳೇ."

"ಮಿಷನ್ ಎಲ್ಲಿದೆ ಈಗ?"

"ನನ್ನ ಅಂಗಡೀಲಿ."

"ಗಿರಾಕಿಗಳು?"

ಮೇಸ್ತ್ರಿ ತನ್ನ ವಕೀಲನ ಕಡೆ ನೋಡಿದ. ವಕೀಲ ಕಾಗದ ನೋಡುತ್ತಿದ್ದ. "ನನ್ನ ಅಂಗಡಿಗೇ ಬರ್ತಾರೆ."

ಆಗ ನ್ಯಾಯಾಧೀಶರು ಕುಶನಕ್ಕನನ್ನು ಕೇಳಿದರು. "ಅಮ್ಮಾ, ಆ ಬೆಂಚು ಹೊಲಿದಿದ್ದಕ್ಕೆ ನಿಮಗೆ ಯಾರಾದ್ರೂ ಏನಾದ್ರೂ ಕೊಟ್ರಾ?"

"ಯಾರು ಕೊಡ್ತಾರೆ ಸ್ವಾಮಿ? ಹರಿದಿತ್ತು, ಹೊಲಿದೆ."

ಆದೇಶ ಬಂದ ದಿನ ಅವರು ಅದನ್ನು ಓದುವ ಮೊದಲು ಇಬ್ಬರಿಗೂ ಅರ್ಥವಾಗುವಂತೆ ಹೇಳಿದರು. "ಮೇಸ್ತ್ರಿಗಳೇ, ಕೋರ್ಟಿಗೆ ಈ ಅಧಿಕಾರ ಎಲ್ಲಿಂದ ಬಂತು ಅಂತ ನೀವು ಕೇಳಿದ್ರಂತೆ. ಕಾನೂನು ಕೊಟ್ಟಿದೆ. ಕೋಪದಲ್ಲಿ ಆಯಮ್ಮ ಬೇಡ ಅಂದ್ರು ಅಂತ ಅದು ಹೋಗಲ್ಲ. ನೀವು ಕೊಡಲ್ಲ ಅಂದ್ರೂ ಹೋಗಲ್ಲ. ಇನ್ನು, ಆಯಮ್ಮನಿಗೆ ಕೆಲಸ ಬರುತ್ತೆ, ಅದನ್ನ ಇಬ್ಬರೂ ಒಪ್ಪಿದೀರಿ. ಆದ್ರೆ ಕೆಲಸ ಬರೋದು ಬೇರೆ, ಸಂಪಾದನೆ ಇರೋದು ಬೇರೆ. ಆ ಕೈ ದುಡಿದ ಅಂಗಡಿ, ಮಿಷನ್, ಹೆಸರು ಎಲ್ಲ ನಿಮ್ಮ ಹತ್ತಿರ ಇದೆ." ತಿಂಗಳು ತಿಂಗಳೂ ಇಷ್ಟು ಎಂದು ಕೊಡಲು ಮೇಸ್ತ್ರಿಗೆ ಆದೇಶವಾಯಿತು. ಪರಿಸ್ಥಿತಿ ಬದಲಾದರೆ ಇಬ್ಬರಲ್ಲಿ ಯಾರು ಬೇಕಾದರೂ ಮತ್ತೆ ಬಂದು ಕೇಳಬಹುದು. ಹೆಚ್ಚು ಮಾಡುವುದು, ಕಡಿಮೆ ಮಾಡುವುದು, ನಿಲ್ಲಿಸುವುದು ಎಲ್ಲವೂ ಕೋರ್ಟಿನ ಕೈಯಲ್ಲಿದೆ ಎಂದೂ ಹೇಳಿದರು.

ಹೊರಗೆ ಬಂದಾಗ ಲಾಯರಮ್ಮ, "ನನ್ನ ಮಾತು ಕೇಳದೇ ಇರೋ ಕಕ್ಷಿದಾರರು ಗೆಲ್ಲೋದು ನಂಗೆ ಒಂಚೂರೂ ಇಷ್ಟ ಇಲ್ಲ," ಎಂದು ಗದರಿಸಿ, ಅವಳನ್ನು ತಬ್ಬಿಕೊಂಡಳು.

ಮೊದಲ ತಿಂಗಳ ಜೀವನಾಂಶ ಬರುತ್ತಲೇ ಕುಶನಕ್ಕ ತಮ್ಮನ ಮನೆಯ ಎದುರಿಗೇ ಒಂದು ಕೋಣೆ ಬಾಡಿಗೆಗೆ ಹಿಡಿದಳು. ಅನ್ನದ ಚಿಂತೆ ತಲೆಯಿಂದ ಇಳಿದ ಮೇಲೆ ಕೆಲಸ ಕೇಳುವ ಧ್ವನಿಯೂ ಬದಲಾಗುತ್ತದೆ. ಬಸ್ ಕಂಪನಿಯ ವರ್ಕ್‌ಶಾಪಿನಲ್ಲಿ ಸೀಟು ರಿಪೇರಿಗೆ ಜನ ಬೇಕಂತೆ ಎಂದು ತಮ್ಮ ಹೇಳಿದಾಗ ಅವಳು ನೇರ ಮ್ಯಾನೇಜರ ಎದುರಿಗೆ ಹೋಗಿ ನಿಂತಳು. ಅಲ್ಲಿ ಮಿಷನ್ ಅವರದೇ ಇತ್ತು.

"ಎಲ್ಲಿ ಕೆಲಸ ಮಾಡಿದ್ರಿ ಮುಂಚೆ?"

"ನಮ್ಮ ಯಜಮಾನರ ಅಂಗಡೀಲಿ."

"ಹಾಗಾದ್ರೆ ಅವರಿಂದ ಒಂದು ಅನುಭವ ಪತ್ರ ತನ್ನಿ. ಪತ್ರ ಇಲ್ದೆ ತಗೊಳ್ಳೋಕೆ ಆಗಲ್ಲ, ನಮ್ಮಲ್ಲಿ ನಿಯಮ."

ಅವಳು ಮುಖ ಬಾಡಿಸಿಕೊಂಡು ಗೇಟಿನ ತನಕ ಬಂದಳು. ಮೇಸ್ತ್ರಿಯ ಹತ್ತಿರ ಪತ್ರ! ಕಿಟಕಿಯೂ ತೆರೆಯದ ಮನುಷ್ಯ. ಗೇಟು ದಾಟುವಾಗ ಅವಳಿಗೆ ಥಟ್ಟನೆ ಏನೋ ಹೊಳೆಯಿತು. ಅಲ್ಲಿಂದ ಸೀದಾ ಲಾಯರಮ್ಮನ ಆಫೀಸಿಗೆ.

"ಕೋರ್ಟಿನ ಕಾಗದದ ನಕಲು ಬೇಕಿತ್ತು ಲಾಯರಮ್ಮ."

"ಆರ್ಡರ್ ಕಾಪಿ ಕೊಟ್ಟಿದೀನಲ್ರೀ?"

"ಆರ್ಡರ್ ಅಲ್ಲ. ನಮ್ಮ ಯಜಮಾನರು ಕಟಕಟೇಲಿ ನನ್ನ ಬಗ್ಗೆ ಹೇಳಿದ್ರಲ್ಲ, ಅದನ್ನ ಅಲ್ಲಿ ಟೈಪ್ ಮಾಡಿಕೊಳ್ತಿದ್ರು. ಅದು ಸಿಗುತ್ತಾ? ಸೀಲ್ ಹಾಕಿ ಕೊಡ್ತಾರಾ?"

ಲಾಯರಮ್ಮ ಪಕ್ಕದ ಆಫೀಸಿನವರು ಇಣುಕಿ ನೋಡುವ ಹಾಗೆ ನಕ್ಕಳು.

ನಕಲು ಬಂತು. ಕೋರ್ಟಿನ ಮೊಹರು, ಸಹಿ, ಎಲ್ಲ ಖಡಕ್ಕಾಗಿ. ಮ್ಯಾನೇಜರು ಕನ್ನಡಕ ಹಾಕಿಕೊಂಡು ಓದಿದರು. ಅರ್ಧದಲ್ಲಿ ಕನ್ನಡಕ ತೆಗೆದು ಅವಳನ್ನು ನೋಡಿದರು, ಮತ್ತೆ ಹಾಕಿಕೊಂಡು ಪೂರ್ತಿ ಓದಿದರು. "ಅನುಭವ ಪತ್ರ ಬೇಕಾದಷ್ಟು ನೋಡಿದೀನಮ್ಮ. ಪ್ರಮಾಣ ಮಾಡಿ ಹೇಳಿದ್ದು ಇದೇ ಮೊದಲು," ಎಂದರು. ಆದರೂ ಎಚ್ಚರಿಕೆಯ ಮನುಷ್ಯ, ಒಂದು ಹರಿದ ಸೀಟು ಕೊಟ್ಟು ನೋಡಿದರು. ಅವಳು ಮುಗಿಸಿದ ಮೇಲೆ ತಾವೇ ಕೂತು, ಸ್ವಲ್ಪ ಹೊತ್ತು ಏಳಲಿಲ್ಲ. ಸೋಮವಾರದಿಂದ ಬರಲು ಹೇಳಿದರು.

ಆ ಸಂಜೆ ತಮ್ಮನ ಮನೆಯಲ್ಲಿ ಎಲ್ಲರೂ ಮೇಜಿನ ಸುತ್ತ ಊಟಕ್ಕೆ ಕೂತಿದ್ದರು. ತಮ್ಮನಿಗೆ ಖುಷಿ, ಆದರೆ ಚಿಂತೆಗೆ ಅವನು ಎಂದೂ ಕಡಿಮೆ ಮಾಡಿದವನಲ್ಲ.

"ಅಕ್ಕಾ, ನೀನು ಕೆಲಸಕ್ಕೆ ಸೇರಿದ್ದು ಭಾವನಿಗೆ ಗೊತ್ತಾದ್ರೆ, ಜೀವನಾಂಶ ನಿಲ್ಲಿಸಿ ಅಂತ ಮತ್ತೆ ಕೋರ್ಟಿಗೆ ಹೋಗ್ತಾರೆ, ನೋಡ್ತಿರು."

ಕುಶನಕ್ಕ ತುತ್ತು ಬಾಯಿಗಿಟ್ಟು, ನಿಧಾನವಾಗಿ ಅಗಿದು ನುಂಗಿದಳು.

"ಹೋಗಲಿ ಬಿಡೋ. ನಾನು ಎಷ್ಟು ಚೆನ್ನಾಗಿ ಕೆಲಸ ಮಾಡ್ತೀನಿ ಅಂತ ಇನ್ನೊಂದು ಸಲ ಅವರೇ ನಿಂತು ಹೇಳಬೇಕಾಗುತ್ತೆ."